ರಾಜಿ ಡಿಕ್ರಿ ಬೇಕೆನ್ನುವವರು ಮೊದಲು ಷೆಡ್ಯೂಲ್ ಓದಿ

ಆಸ್ತಿ ದಾವೆಯಲ್ಲಿ ರಾಜಿಯಾಗುವುದು ಒಳ್ಳೆಯದೇ. ಆದರೆ ‘ಹೇಗೋ ಮುಗಿದರೆ ಸಾಕು’ ಅಂತ ಅವಸರದಲ್ಲಿ ಬರೆಸಿದ ರಾಜಿ ಅರ್ಜಿಯಿಂದ ಜಗಳ ಮುಗಿಯುವುದಿಲ್ಲ. ಸಿವಿಲ್ ಪ್ರಕ್ರಿಯಾ ಸಂಹಿತೆಯ 23ನೇ ಆದೇಶ, 3ನೇ ನಿಯಮದ ಪ್ರಕಾರ ರಾಜಿ ಲಿಖಿತವಾಗಿರಬೇಕು, ಪಕ್ಷಕಾರರ ಸಹಿ ಇರಬೇಕು, ಕಾನೂನಿಗೆ ಒಪ್ಪುವಂತಿರಬೇಕು. ಆ ರಾಜಿಯಂತೆ ನ್ಯಾಯಾಲಯದ ಡಿಕ್ರಿ (ತೀರ್ಪಿನಂತೆ ಹೊರಡುವ ಆದೇಶ) ಆದ ಮೇಲೆ ಮಾಮೂಲಿ ಮೇಲ್ಮನವಿ ಇಲ್ಲ. ರಾಜಿಯೇ ಕಾನೂನುಬಾಹಿರ ಅಂತ ಹೊಸ ದಾವೆ ಹೂಡುವುದಕ್ಕೂ 3ಎ ನಿಯಮ ಅಡ್ಡ ಬರುತ್ತದೆ. ಮೋಸವಾಗಿದೆ ಎನ್ನುವ ಪಕ್ಷಕಾರರು ಸಾಮಾನ್ಯವಾಗಿ ಅದೇ ನ್ಯಾಯಾಲಯದ ಮುಂದೆ ಹೋಗಿ ಸಾಬೀತು ಮಾಡಬೇಕು. ಹಾಗಾಗಿ ಎಚ್ಚರ ಇರಬೇಕಾದ್ದು ಸಹಿಗೆ ಮೊದಲು.

ನನ್ನ ಪ್ರಕಾರ ಅತಿ ದೊಡ್ಡ ತಪ್ಪು, ಹೆಣ್ಣುಮಕ್ಕಳನ್ನು ಬಿಟ್ಟು ಅಣ್ಣತಮ್ಮಂದಿರು ಮಾತ್ರ ರಾಜಿಯಾಗುವುದು. ‘ಮದುವೆಯಲ್ಲಿ ಕೊಟ್ಟಾಗಿದೆ’ ಎಂಬ ಮಾತಿಗೆ ಕಾನೂನಿನಲ್ಲಿ ಬೆಲೆಯಿಲ್ಲ. ಹಿಂದೂ ಉತ್ತರಾಧಿಕಾರ ಕಾಯ್ದೆಯ 2005ರ ತಿದ್ದುಪಡಿಯಿಂದ ಹಿಂದೂ ಅವಿಭಕ್ತ ಕುಟುಂಬದ ಪಿತ್ರಾರ್ಜಿತ ಆಸ್ತಿಯಲ್ಲಿ ಮಗಳಿಗೂ ಮಗನಷ್ಟೇ ಹಕ್ಕು. ಅದು ಹುಟ್ಟಿನಿಂದ ಬಂದ ಹಕ್ಕು, 2005ಕ್ಕೆ ತಂದೆ ಬದುಕಿರಲೇಬೇಕು ಎಂದೇನಿಲ್ಲ ಅಂತ 2020ರಲ್ಲಿ ಸುಪ್ರೀಂ ಕೋರ್ಟ್ ಸ್ಪಷ್ಟಪಡಿಸಿದೆ. ಅಕ್ಕತಂಗಿಯರು ದಾವೆಯಲ್ಲಿ ಇಲ್ಲದಿದ್ದರೆ ಪಕ್ಷಕಾರರಾಗಿ ಸೇರಿಸಿ. ಪಾಲು ಬೇಡವೆಂದು ಅವರು ಮನಸಾರೆ ಹೇಳಿದರೆ ಅದನ್ನೇ ರಾಜಿಯಲ್ಲಿ ಬರೆಸಿ, ನ್ಯಾಯಾಧೀಶರ ಮುಂದೆ ಅವರೇ ಹೇಳಲಿ. ಅಪ್ರಾಪ್ತರ ಪಾಲಿದ್ದರೆ ತಾಯಿ ಸಹಿ ಹಾಕಿದರೆ ಸಾಲದು. 32ನೇ ಆದೇಶ, 7ನೇ ನಿಯಮದಡಿ ನ್ಯಾಯಾಲಯದ ಅನುಮತಿ ಬೇಕೇ ಬೇಕು. ಬೇರೆಯವರ ಪರವಾಗಿ ಜಿಪಿಎ (ಅಧಿಕಾರ ಪತ್ರ) ಹಿಡಿದು ಬಂದವರ ಪತ್ರದಲ್ಲಿ ರಾಜಿ ಮಾಡಿಕೊಳ್ಳುವ ಅಧಿಕಾರ ಬರೆದಿದೆಯೇ ನೋಡಿ.

ಇನ್ನು ಷೆಡ್ಯೂಲ್, ಅಂದರೆ ಆಸ್ತಿಯ ವಿವರಪಟ್ಟಿ. ‘ತಲಾ ಅರ್ಧ ಪಾಲು’ ಅಂತ ಬರೆದು ಬಿಟ್ಟರೆ ಯಾರ ಅರ್ಧ ಎಲ್ಲಿದೆ? ಆಗ ಪಾಲು ಗುರುತಿಸುವ ಫೈನಲ್ ಡಿಕ್ರಿ, ನ್ಯಾಯಾಲಯ ನೇಮಿಸುವ ಕಮಿಷನರ್, ಅಳತೆ ಅಂತ ಮತ್ತೆ ಓಡಾಟ. ಸರ್ವೆ ನಂಬರ್, ಹಿಸ್ಸಾ, ಎಷ್ಟು ಎಕರೆ ಎಷ್ಟು ಗುಂಟೆ, ನಾಲ್ಕೂ ಕಡೆಯ ಚಕ್ಕುಬಂದಿ (ಗಡಿ ವಿವರ), ಇಷ್ಟನ್ನೂ ಪಾಲು ಪಾಲಾಗಿ ಬರೆಸಿ. ಭೂಮಾಪಕರಿಂದ ಅಳೆಸಿದ ನಕ್ಷೆಯನ್ನು ಅರ್ಜಿಗೆ ಲಗತ್ತಿಸಿ, ಅದರ ಮೇಲೂ ಎಲ್ಲರ ಸಹಿ ಹಾಕಿಸಿ. ಪಹಣಿಯಲ್ಲಿ ಎರಡು ಎಕರೆ ಇದ್ದು ಜಾಗದಲ್ಲಿ 1 ಎಕರೆ 36 ಗುಂಟೆ ಸಿಕ್ಕರೆ ಆ 4 ಗುಂಟೆಯ ಕೊರತೆ ಯಾರ ಪಾಲಿನಲ್ಲಿ ಕಳೆಯಬೇಕು ಎಂಬುದನ್ನೂ ಬರೆಯಬೇಕು. ಬಾವಿ, ಬೋರ್‌ವೆಲ್, ಅದರ ವಿದ್ಯುತ್ ಸಂಪರ್ಕ, ಹಿಂದಿನ ಪಾಲಿಗೆ ಹೋಗುವ ದಾರಿ ಎಷ್ಟು ಅಡಿ ಅಗಲ ಎಂಬುದು ಬಿಟ್ಟುಹೋದರೆ ಮಳೆಗಾಲ ಬರುವಷ್ಟರಲ್ಲಿ ಮತ್ತೆ ಮಾತು ಬೆಳೆಯುತ್ತದೆ.

ಹಣ ಕೊಟ್ಟು ಪಾಲು ಬಿಡಿಸಿಕೊಳ್ಳುವುದಾದರೆ ಮೊತ್ತ, ಕಂತಿನ ತಾರೀಖು, ತಪ್ಪಿದರೆ ಬಡ್ಡಿಯೋ ಪಾಲು ವಾಪಸೋ ಎಲ್ಲವೂ ಕಾಗದದಲ್ಲಿರಲಿ. ನ್ಯಾಯಾಲಯದಲ್ಲೇ ಡಿಡಿ ಕೊಟ್ಟು ಪಡೆಯುವುದು ಎಲ್ಲಕ್ಕಿಂತ ಸುರಕ್ಷಿತ.

ದಾವೆಯಲ್ಲಿ ಇಲ್ಲದ ಇನ್ನೊಂದು ಸೈಟನ್ನೂ ಇದರಲ್ಲೇ ಸೇರಿಸಿಬಿಡೋಣ ಎನ್ನುವವರಿದ್ದಾರೆ. ಸೇರಿಸಬಹುದು, ಆದರೆ ಆ ಸ್ವತ್ತಿನ ಮಟ್ಟಿಗೆ ಡಿಕ್ರಿಗೆ ನೋಂದಣಿ ಬೇಡವೆನ್ನುವ ನೋಂದಣಿ ಕಾಯ್ದೆಯ 17ನೇ ಕಲಮಿನ ವಿನಾಯಿತಿ ಸಿಗದು, ಡಿಕ್ರಿಯನ್ನು ನೋಂದಾಯಿಸಬೇಕು. ಪರಿಶಿಷ್ಟ ಜಾತಿ, ಪಂಗಡದವರಿಗೆ ಸರ್ಕಾರ ಮಂಜೂರು ಮಾಡಿದ ಜಮೀನಾದರೆ ಅಂಥ ಜಮೀನಿನ ಪರಭಾರೆ (ಬೇರೆಯವರಿಗೆ ವರ್ಗಾವಣೆ) ನಿಷೇಧಿಸುವ ಕರ್ನಾಟಕದ 1978ರ ಪಿಟಿಸಿಎಲ್ ಕಾಯ್ದೆಯಡಿ ಸರ್ಕಾರದ ಪೂರ್ವಾನುಮತಿಯಿಲ್ಲದೆ ರಾಜಿಯ ಹೆಸರಲ್ಲಿ ಪರಭಾರೆ ಮಾಡುವುದು ನಿಲ್ಲುವುದಿಲ್ಲ. ಆಸ್ತಿಯ ಮೇಲೆ ಸಾಲ, ಅಡಮಾನ ಇದೆಯೇ ಎಂದು ತೋರಿಸುವ ಋಣಭಾರ ಪತ್ರ (ಇಸಿ) ತೆಗೆಸದೆ ಯಾವ ರಾಜಿಗೂ ಕೂರಬೇಡಿ. ಅಡಮಾನ ಇಟ್ಟುಕೊಂಡ ಬ್ಯಾಂಕನ್ನು ನಿಮ್ಮ ರಾಜಿ ಕಟ್ಟಿಹಾಕುವುದಿಲ್ಲ.

ಲೋಕ ಅದಾಲತ್‌ನಲ್ಲಿ ಮುಗಿಸಿದರೆ ಕಟ್ಟಿದ ನ್ಯಾಯಾಲಯ ಶುಲ್ಕ ವಾಪಸ್ ಪಡೆಯುವ ಅವಕಾಶವಿದೆ. ಎಲ್ಲಿಯೇ ಮುಗಿಯಲಿ, ಡಿಕ್ರಿಯಾದ ಮಾತ್ರಕ್ಕೆ ಪಹಣಿಯಲ್ಲಿ ಹೆಸರು ತಾನಾಗಿ ಬದಲಾಗದು. ವಿಭಾಗದ ಡಿಕ್ರಿಗೆ ಛಾಪಾ ಕಾಗದ ಒದಗಿಸಿ, ದೃಢೀಕೃತ ನಕಲು ಪಡೆದು, ಮ್ಯುಟೇಷನ್ನಿಗೆ (ಕಂದಾಯ ದಾಖಲೆಯಲ್ಲಿ ಹೆಸರು ಬದಲಾವಣೆಗೆ) ಅರ್ಜಿ ಕೊಡಿ. ಎದುರಿನವರು ಸ್ವಾಧೀನ ಬಿಡದಿದ್ದರೆ ಡಿಕ್ರಿ ಜಾರಿ ಮಾಡಿಸಲು ಅಮಲ್ಜಾರಿ ಅರ್ಜಿ ಹಾಕಬೇಕು. ಅದಕ್ಕೆ 12 ವರ್ಷದ ಗಡುವು.