ಣ ಅಕ್ಷರದಿಂದ ಒಂದು ಹೆಸರು ಹೇಳಿ

ಕನ್ನಡ ಎಂ.ಎ. ಮಾಡಿದವನಿಗೆ ಬೇರೆ ನೌಕರಿ ಸಿಗಲಿ ಬಿಡಲಿ, ಒಂದು ಬಿಟ್ಟಿ ಚಾಕರಿ ಮಾತ್ರ ಕಾಯಂ. ಬಳಗದಲ್ಲಿ ಯಾರ ಮನೆಯಲ್ಲಿ ಮಗು ಹುಟ್ಟಿದರೂ ಹೆಸರಿನ ಅರ್ಥ ನೋಡಿ ಹೇಳಬೇಕು. ಮೊನ್ನೆ ರಾತ್ರಿ ಇನ್ನೇನು ದೀಪ ಆರಿಸಬೇಕು, ಅಣ್ಣನ ಮಗಳಿಂದ ವಾಟ್ಸಾಪಿಗೆ ಒಂದು ಪಟ್ಟಿ ಬಂತು. "ಚಿಕ್ಕಪ್ಪ, ಮೀನಿಂಗ್ ಕರೆಕ್ಟಾಗಿದ್ಯಾ ಸ್ವಲ್ಪ ನೋಡಿ. ಭಾನುವಾರ ನಾಮಕರಣ." ಆ 'ಸ್ವಲ್ಪ'ದಲ್ಲೇ ಗೊತ್ತಾಯಿತು, ಹೆಸರು ಆಗಲೇ ನಿಕ್ಕಿಯಾಗಿದೆ, ನನ್ನಿಂದ ಬೇಕಾದ್ದು ಬರೀ ಮೊಹರು.

ಮೊದಲ ಹೆಸರು ಆರವ್. ಎದುರಿಗೆ 'ಶಾಂತ ಸ್ವಭಾವದವನು, ಸಂಸ್ಕೃತ ಮೂಲ'. ಅಮರಕೋಶದಲ್ಲಿ ಸದ್ದಿನ ಹೆಸರುಗಳನ್ನು ಹೇಳುತ್ತ ಬರುವ ಅಮರಸಿಂಹ 'ಆರವಾರಾವಸಂರಾವವಿರಾವಾಃ' ಎಂದು ಒಂದೇ ಉಸಿರಿಗೆ ನಾಲ್ಕು ಕೊಡುತ್ತಾನೆ. ಮೊದಲನೆಯದೇ ಆರವ. ಕೂಗು, ಗಲಾಟೆ. ಎರಡನೆಯದು ರೇಯಾಂಶ್, 'ಸೂರ್ಯಕಿರಣದ ಅಂಶ'. ಅಂಶ ಸಿಕ್ಕಿತು, ರೇಯ ಯಾವ ನಿಘಂಟಿನಲ್ಲೂ ಸಿಗಲಿಲ್ಲ. ಅದು ಇಂಗ್ಲಿಷಿನ ರೇ ಇರಬೇಕೆಂದು ನನ್ನ ಗುಮಾನಿ. ಇವಳ ಅಕ್ಕನ ಮಗಳು ಮೈರಾ. ಅದಕ್ಕೂ ಸಂಸ್ಕೃತದ್ದೇ ಬಿರುದು. ಇಂಗ್ಲೆಂಡಿನಲ್ಲಿ ಫುಲ್ಕ್ ಗ್ರೆವಿಲ್ ಎಂಬ ಕವಿ 16ನೇ ಶತಮಾನದಲ್ಲಿ ತನ್ನ ಪದ್ಯದ ಹೆಣ್ಣಿಗೆ ಇಟ್ಟು ಬಳಕೆಗೆ ತಂದದ್ದು ಎಂದು ಆಗ ಹೇಳಿದ್ದೆ. ಆಮೇಲೆ ಆರು ತಿಂಗಳು ಆ ಮನೆಯಲ್ಲಿ ನನಗೆ ಸಕ್ಕರೆ ಕಮ್ಮಿ ಕಾಫಿ.

ಈ ಪಟ್ಟಿಗಳನ್ನು ಯಾರು ಮಾಡುತ್ತಾರೋ! ಒಬ್ಬನಿಗಾದರೂ 'ಸೋಮಾರಿ' ಎಂದು ಅರ್ಥ ಬರುವುದಿಲ್ಲ. ಎಲ್ಲರೂ ಸೂರ್ಯ, ಎಲ್ಲರೂ ವಿಷ್ಣುವಿನ ತುಣುಕು. ಒಬ್ಬ ತಪ್ಪು ಬರೆಯುತ್ತಾನೆ, ನೂರು ಜನ ನಕಲು ಹೊಡೆಯುತ್ತಾರೆ, ಕೊನೆಗೆ "ಎಲ್ಲಾ ಕಡೆ ಹಾಗೇ ಇದೆಯಲ್ಲ ಚಿಕ್ಕಪ್ಪ" ಎಂದು ನನ್ನನ್ನೇ ಅನುಮಾನದಿಂದ ನೋಡುತ್ತಾರೆ. ಹಾಗಾದರೆ ನನ್ನನ್ನೇಕೆ ಕೇಳಬೇಕು?

ನಿಜವಾದ ತೊಡಕು ಇದಲ್ಲ. ಮಗು ಹುಟ್ಟಿದ್ದು ಹಸ್ತ ನಕ್ಷತ್ರದ ಮೂರನೇ ಪಾದದಲ್ಲಿ. ಇಪ್ಪತ್ತೇಳು ನಕ್ಷತ್ರ, ತಲಾ ನಾಲ್ಕು ಪಾದ, ಪಾದಕ್ಕೊಂದು ಅಕ್ಷರ. ಅಶ್ವಿನಿಯವರು ಪುಣ್ಯವಂತರು, ಚು ಚೆ ಚೋ ಲ, ಏನಾದರೂ ಹೊಂದಿಸಬಹುದು. ಹಸ್ತಕ್ಕೆ ಪು ಷ ಣ ಠ. ನಮ್ಮ ಪಾಲಿಗೆ ಬಂದದ್ದು ಣ! ಶಾಲೆಯ ಅಕ್ಷರಮಾಲೆಯ ಚಾರ್ಟಿನವರೇ ಣಕ್ಕೆ ಶುರುವಿನ ಪದ ಸಿಗದೆ ಬಾಣದ ಚಿತ್ರ ಹಾಕಿ ಕೈತೊಳೆದುಕೊಂಡಿದ್ದಾರೆ. ಆರ್ದ್ರೆಯ ಮೂರನೇ ಪಾದಕ್ಕೆ ಬಿದ್ದಿದ್ದರೆ ಙ. ಅದನ್ನು ನೆನೆದು ಸಮಾಧಾನ ಮಾಡಿಕೊಂಡೆ.

ಆದರೆ ಪಂದ್ಯ ಬಿಡುವ ಜಾಯಮಾನ ನನ್ನದಲ್ಲ. ಜೈನರ 'ಣಮೋ ಅರಿಹಂತಾಣಂ' ನೆನಪಾಯಿತು. ಪ್ರಾಕೃತದಲ್ಲಿ ಣಕಾರಕ್ಕೆ ಬರವೇ ಇಲ್ಲ! ರಾತ್ರಿ ಒಂದರವರೆಗೆ ಹುಡುಕಿ ನರೇಂದ್ರನ ಪ್ರಾಕೃತ ರೂಪ 'ಣರಿಂದ' ಎಂದು ಕಳಿಸಿದೆ. ಅಕ್ಷರ ಸರಿ, ಅರ್ಥ ಸರಿ, ಮೂಲ ಸರಿ, ಅಪಾರ್ಟ್‌ಮೆಂಟಿನಲ್ಲಿ ಇನ್ನೊಂದು ಮಗುವಿಗೆ ಇರುವ ಭಯವೂ ಇಲ್ಲ. ಬೆಳಿಗ್ಗೆ ಉತ್ತರವಾಗಿ ಕಣ್ಣೀರು ಸುರಿಸುವ ಇಮೋಜಿ ಬಂತು. ನಗುವಿನ ಕಣ್ಣೀರೋ ಅಳುವಿನದೋ, ಕನ್ನಡಕ ಹಾಕಿ ನೋಡಿದರೂ ತಿಳಿಯಲಿಲ್ಲ. ಜೋಯಿಸರು ಒಂದೇ ಮಾತಿನಲ್ಲಿ ಬಗೆಹರಿಸಿದರಂತೆ: ನಕ್ಷತ್ರದ ಹೆಸರನ್ನು ಕಿವಿಯಲ್ಲಿ ಹೇಳಿ, ಕರೆಯುವುದಕ್ಕೆ ಏನು ಬೇಕಾದರೂ ಇಟ್ಟುಕೊಳ್ಳಿ.

ಅಣ್ಣನಿಗೆ ಫೋನ್ ಮಾಡಿ, ಇಷ್ಟು ಆತುರ ಯಾಕೆ ಎಂದೆ. 1969ರ ಜನನ ಮರಣ ನೋಂದಣಿ ಕಾಯ್ದೆಯ ಪ್ರಕಾರ ಹೆಸರಿಲ್ಲದೆಯೂ ಮಗುವಿನ ಜನನ ನೋಂದಾಯಿಸಬಹುದು. ಒಂದು ವರ್ಷದೊಳಗೆ ಹೆಸರು ಸೇರಿಸಿದರೆ ಶುಲ್ಕವಿಲ್ಲ, ತಡವಾದರೆ ಶುಲ್ಕ ಕಟ್ಟಿ 15 ವರ್ಷದವರೆಗೂ ಸೇರಿಸಬಹುದು.

"ಹದಿನೈದು ವರ್ಷ ಏನಂತ ಕರೆಯೋದೋ?"

"ಗುಂಡ ಅಂತ ಕರಿ."

"ಅದನ್ನ ಅವಳ ಅತ್ತೆಗೆ ನೀನೇ ಹೇಳು" ಎಂದು ಫೋನ್ ಇಟ್ಟ.