ಮುಖ ಹೋಲಿದರೆ ಸಾಲದು: ಅಶ್ವದಳದ ರಿವಾಲ್ವರ್‌ಗಳ ಇಂದಿನ ಪ್ರತಿಗಳು

ಅಮೆರಿಕದ ಬಂದೂಕು ಅಂಗಡಿಯಲ್ಲಿ 1860ರ ಕೋಲ್ಟ್ ಆರ್ಮಿ ಎಂಬ ಸೇನಾ ರಿವಾಲ್ವರಿನ ಹೊಸ ಪ್ರತಿಯೊಂದು ಕಂಡರೆ ಗಿರಾಕಿ ಮೊದಲು ಕೇಳುವುದು ಬಣ್ಣದ ಮಾತು. ನೀಲಿ ಹೊಳಪು ಹಳೆಯದರಂತಿದೆಯೇ, ಸಿಲಿಂಡರಿನ (ಗುಂಡು ತುಂಬುವ, ತಿರುಗುವ ಉರುಳೆಯ) ಮೇಲೆ 1843ರ ಕಂಪೇಚೆ ನೌಕಾಯುದ್ಧದ ಚಿತ್ರ ಮೂಡಿದೆಯೇ, ಹಿಡಿಕೆಯ ಮರದ ಮೇಲೆ ಸೇನಾ ಪರೀಕ್ಷಕರ ಮುದ್ರೆ ಒತ್ತಿದ್ದಾರೆಯೇ ಎಂದು. ಬೇಕೆಂದೇ ಬಣ್ಣ ಕೆಡಿಸಿ ನೂರೈವತ್ತು ವರ್ಷದ ಸವಕಲು ತೋರಿಸುವ ಪ್ರತಿಗೆ ಇನ್ನೂ ಹೆಚ್ಚಿನ ಬೆಲೆ. ನನ್ನ ಮಟ್ಟಿಗೆ ಇದು ತಲೆಕೆಳಗಾದ ಕ್ರಮ. ಪ್ರತಿಯೊಂದು ಮೂಲಕ್ಕೆ ನಿಷ್ಠವಾಗಿದೆಯೇ ಎಂಬುದು ತಿಳಿಯುವುದು ಒಳಗಿನ ಅಳತೆಯಿಂದ. ಆ ಅಳತೆ ತಪ್ಪಿದ್ದರೆ ಮುದ್ರೆ ಎಷ್ಟಿದ್ದರೂ ಅದು ಗೋಡೆಗೆ ತೂಗುಹಾಕುವ ವಸ್ತು.

ಕೋಲ್ಟಿನ ಆ ಕಾಲದ ರಿವಾಲ್ವರ್‌ಗಳಿಗೆ ಸಿಲಿಂಡರಿನ ಮೇಲೆ ಹಾಯುವ ಉಕ್ಕಿನ ಪಟ್ಟಿ ಇರಲಿಲ್ಲ. ಚೌಕಟ್ಟಿನಿಂದ ಮುಂದಕ್ಕೆ ಚಾಚಿದ ಒಂದು ದಪ್ಪ ಕಂಬಿ, ಅಂದರೆ ಆರ್ಬರ್. ಅದರ ಮೇಲೆ ಸಿಲಿಂಡರ್ ತಿರುಗುತ್ತದೆ, ಅದರ ತುದಿಗೆ ನಳಿಗೆ ಕೂರುತ್ತದೆ, ಅಡ್ಡಲಾಗಿ ಬಡಿದ ಒಂದು ಬೆಣೆ ಎಲ್ಲವನ್ನೂ ಹಿಡಿದಿಡುತ್ತದೆ. ಮೂಲ ಕೋಲ್ಟಿನಲ್ಲಿ ಆರ್ಬರಿನ ತುದಿ ನಳಿಗೆಯ ತೂತಿನ ತಳಕ್ಕೆ ಗಟ್ಟಿಯಾಗಿ ಮುಟ್ಟುತ್ತದೆ. ಬೆಣೆ ಎಷ್ಟು ಬಿಗಿದರೂ ನಳಿಗೆ ಅಲ್ಲಿಂದ ಹಿಂದೆ ಸರಿಯಲಾರದು. ಹಲವು ಪ್ರತಿಗಳಲ್ಲಿ ಈ ಆರ್ಬರ್ ತುಸು ಗಿಡ್ಡ. ಆಗ ಬೆಣೆ ಬಡಿದಷ್ಟೂ ನಳಿಗೆ ಹಿಂದಕ್ಕೆ ಬಂದು ಸಿಲಿಂಡರಿನ ಮುಖಕ್ಕೆ ಒತ್ತುತ್ತದೆ, ತಿರುಗುವುದು ನಿಲ್ಲುತ್ತದೆ. ಸಡಿಲ ಬಿಟ್ಟರೆ ಪ್ರತಿ ಈಡಿಗೂ ನಳಿಗೆ ಅಲುಗಿ ಬೆಣೆ ಜಜ್ಜಿಹೋಗುತ್ತದೆ, ಗುಂಡು ಬೀಳುವ ಜಾಗ ಮೇಲೆ ಕೆಳಗೆ ಆಗುತ್ತದೆ.

ಪರೀಕ್ಷೆಗೆ ಎರಡು ನಿಮಿಷ ಸಾಕು. ಬೆಣೆ ತೆಗೆದು ನಳಿಗೆ, ಸಿಲಿಂಡರ್ ಎರಡನ್ನೂ ಕಳಚಿ. ನಳಿಗೆಯನ್ನು ಪಕ್ಕಕ್ಕೆ ತಿರುಗಿಸಿ, ಅದರ ಕೆಳಭಾಗ ಚೌಕಟ್ಟಿಗೆ ತಾಗದಂತೆ, ಆರ್ಬರಿನ ಮೇಲೆ ಕೊನೆಯವರೆಗೂ ತಳ್ಳಿ. ಈಗ ನಿಧಾನವಾಗಿ ತಿರುಗಿಸಿ ನೋಡಿದಾಗ ನಳಿಗೆಯ ಅಂಚು ಚೌಕಟ್ಟಿನ ಅಂಚಿಗೆ ಸರಿಯಾಗಿ ಕೂಡಿದರೆ ಆರ್ಬರ್ ಸರಿ. ನಳಿಗೆಯ ಅಂಚು ಚೌಕಟ್ಟಿನ ಅಂಚನ್ನು ದಾಟಿ ಹಿಂದೆ ಹೋದರೆ, ಎಷ್ಟು ದಾಟಿತೋ ಅಷ್ಟು ಗಿಡ್ಡ. ತೂತಿನ ತಳಕ್ಕೆ ಅಷ್ಟೇ ದಪ್ಪದ ಉಕ್ಕಿನ ಬಿಲ್ಲೆ ಹಾಕಿದರೆ ದೋಷ ನಿವಾರಣೆಯಾಗುತ್ತದೆ. ಆರ್ಬರಿನ ತುದಿಗೆ ತಿರುಪು ಕೊರೆದು ಸಣ್ಣ ಸ್ಕ್ರೂ ಕೂರಿಸುವವರೂ ಇದ್ದಾರೆ, ಅದರಿಂದ ಅಳತೆಯನ್ನು ಮುಂದೆಯೂ ಹೊಂದಿಸಬಹುದು. ಕೊನೆಗೆ ಸಿಲಿಂಡರಿಗೂ ನಳಿಗೆಗೂ ನಡುವೆ 0.15 ಮಿ.ಮೀ. ಆಸುಪಾಸಿನ ಸಂದು ಉಳಿಯಬೇಕು. ಅದಕ್ಕಿಂತ ಬಹಳ ಕಡಿಮೆಯಾದರೆ ಕರಿಮದ್ದಿನ ಮಸಿ ಕೂತು ಎರಡನೆಯ ಸುತ್ತಿಗೇ ಸಿಲಿಂಡರ್ ಹಿಡಿದುಕೊಳ್ಳುತ್ತದೆ.

ಈ ಪ್ರತಿಗಳೆಲ್ಲ ಬರುವುದು ಬಹುತೇಕ ಒಂದೇ ಕಣಿವೆಯಿಂದ: ಇಟಲಿಯ ಬ್ರೆಷಾ ಪ್ರಾಂತ್ಯದ ಗಾರ್ದೋನೆ ವಾಲ್ ತ್ರೋಂಪಿಯಾ ಮತ್ತು ಅದರ ಸುತ್ತಲ ಊರುಗಳು. 1950ರ ದಶಕದ ಕೊನೆಯಲ್ಲಿ, ಅಮೆರಿಕದ ಅಂತರ್ಯುದ್ಧದ ಶತಮಾನೋತ್ಸವ ಹತ್ತಿರವಾಗುತ್ತಿದ್ದಾಗ, ವ್ಯಾಲ್ ಫರ್ಗೆಟ್ ಎಂಬ ಅಮೆರಿಕನ್ ವ್ಯಾಪಾರಿ ಅಲ್ಲಿ 1851ರ ಕೋಲ್ಟ್ ನೇವಿಯ ಪ್ರತಿ ಮಾಡಿಸಿದರು. ಅಲ್ದೋ ಉಬರ್ಟಿಯ ಕಾರ್ಖಾನೆ ಶುರುವಾದದ್ದು 1959ರಲ್ಲಿ. ಇಟಲಿಯ ಕಾನೂನಿನಂತೆ ಪ್ರತಿ ಬಂದೂಕೂ ಸರ್ಕಾರಿ ಪ್ರೂಫ್ ಶಾಲೆಯಲ್ಲಿ ಹೆಚ್ಚಿನ ಒತ್ತಡದ ಮದ್ದಿಗೆ ಒಡ್ಡಿಕೊಂಡು ಮುದ್ರೆ ಪಡೆಯಬೇಕು. ಕರಿಮದ್ದಿನ ಆಯುಧಕ್ಕೆ ‘ಪಿಎನ್’ ಎಂಬ ಗುರುತು, ಜೊತೆಗೆ ವರ್ಷ ಸೂಚಿಸುವ ಅಕ್ಷರಗಳು. 1975ಕ್ಕೆ ‘ಎಎ’, 1976ಕ್ಕೆ ‘ಎಬಿ’, ಹೀಗೆ ಮುಂದಕ್ಕೆ. ಹಳೆಯ ಪ್ರತಿ ಕೊಳ್ಳುವವರು ಮಾರುವವನ ಮಾತಿಗಿಂತ ಈ ಅಕ್ಷರಗಳನ್ನು ನಂಬಬೇಕು.

ಒಂದೊಂದು ದೇಶದ ಕಾನೂನು ಅಲ್ಲಿನ ಹವ್ಯಾಸಿಯ ಕೈಯನ್ನೂ ತಿದ್ದುತ್ತದೆ. ಅಮೆರಿಕದಲ್ಲಿ 1968ರ ಬಂದೂಕು ನಿಯಂತ್ರಣ ಕಾಯ್ದೆಯ ಪ್ರಕಾರ, ತೋಟಾ ಹಾಕಲಾಗದ, ಬಾಯಿಯಿಂದ ಕರಿಮದ್ದು ತುಂಬುವ ರಿವಾಲ್ವರ್ ಕೇಂದ್ರ ಕಾನೂನಿನ ಕಣ್ಣಿಗೆ ‘ಪುರಾತನ’ ವಸ್ತು. ಅದು ನಿನ್ನೆ ತಯಾರಾದ ಪ್ರತಿಯಾಗಿದ್ದರೂ ಅಷ್ಟೇ. ಕೆಲವು ರಾಜ್ಯಗಳು ಬಿಗಿ ಮಾಡಿವೆ, ಉಳಿದೆಡೆ ಅಂಚೆಯಲ್ಲಿ ಮನೆಗೇ ಬರುತ್ತದೆ. ಕ್ರೀಡೆಗೆಂದು 50 ಪೌಂಡ್ ಕರಿಮದ್ದನ್ನು ಕೇಂದ್ರದ ಪರವಾನಗಿಯಿಲ್ಲದೆ ಇಟ್ಟುಕೊಳ್ಳಬಹುದು. ಇಷ್ಟು ಸುಲಭವಾದ್ದರಿಂದಲೇ ಕೊಂಡವರಲ್ಲಿ ಅನೇಕರು ಎರಡು ಸಲ ಹಾರಿಸಿ, ಸರಿಯಾಗಿ ತೊಳೆಯದೆ, ತುಕ್ಕು ಹಿಡಿದ ಮೇಲೆ ಅಗ್ಗಕ್ಕೆ ಮಾರುತ್ತಾರೆ.

ಬ್ರಿಟನ್ನಿನ ದಾರಿ ಬೇರೆ. 1996ರಲ್ಲಿ ಸ್ಕಾಟ್ಲೆಂಡಿನ ಡನ್‌ಬ್ಲೇನ್ ಶಾಲೆಯಲ್ಲಿ ನಡೆದ ಹತ್ಯಾಕಾಂಡದ ನಂತರ 1997ರಲ್ಲಿ ಅಲ್ಲಿ ಕೈಬಂದೂಕುಗಳೇ ನಿಷೇಧವಾದವು, ಆದರೆ ಬಾಯಿಯಿಂದ ತುಂಬುವವಕ್ಕೆ ವಿನಾಯಿತಿ ಉಳಿಯಿತು. ಪೊಲೀಸರ ಪ್ರಮಾಣಪತ್ರ ಬೇಕು, ಕರಿಮದ್ದಿಗೆ ಪ್ರತ್ಯೇಕ ಪ್ರಮಾಣಪತ್ರ ಬೇಕು. ಹಾಗಾಗಿ ಅಲ್ಲಿ ರಿವಾಲ್ವರ್ ಗುರಿ ಅಭ್ಯಾಸ ಬೇಕೆನ್ನುವವರು ಕೇಪಿನ ರಿವಾಲ್ವರನ್ನೇ, ಅಂದರೆ ಹ್ಯಾಮರ್ ಬಡಿದಾಗ ಕಿಡಿ ಕೊಡುವ ಪುಟ್ಟ ಲೋಹದ ಟೋಪಿಯಿಂದ ಮದ್ದು ಹೊತ್ತುವ ರಿವಾಲ್ವರನ್ನೇ, ಕೂಲಂಕಷವಾಗಿ ಕಲಿತರು. ಚೇಂಬರ್ (ಸಿಲಿಂಡರಿನಲ್ಲಿ ಮದ್ದು ಗುಂಡು ಕೂರುವ ತೂತು) ಅಳೆಯುವುದು, ನಿಪ್ಪಲ್ (ಕೇಪು ಕೂರುವ ಸಣ್ಣ ಕೊಳವೆ) ಬದಲಿಸುವುದು, ಬೋಲ್ಟ್ (ಸಿಲಿಂಡರನ್ನು ಸರಿಯಾದ ಜಾಗದಲ್ಲಿ ಕಚ್ಚಿ ಹಿಡಿಯುವ ತುಂಡು) ತಿದ್ದುವುದು ಅಲ್ಲಿ ದಿನಬಳಕೆಯ ವಿದ್ಯೆ. ಅಂತರರಾಷ್ಟ್ರೀಯ ಸ್ಪರ್ಧೆಗಳಲ್ಲಿ ಮೂಲಕ್ಕೂ ಪ್ರತಿಗೂ ಬೇರೆ ಬೇರೆ ವಿಭಾಗಗಳಿವೆ: 25 ಮೀಟರ್ ದೂರ, ಹದಿಮೂರು ಈಡು, ಅದರಲ್ಲಿ ಉತ್ತಮವಾದ ಹತ್ತರ ಎಣಿಕೆ. ಈ ಶಿಸ್ತು ನನಗೆ ಅಮೆರಿಕದ ಸಲೀಸುತನಕ್ಕಿಂತ ಹೆಚ್ಚು ಹಿಡಿಸುತ್ತದೆ.

ಇನ್ನು ನಮ್ಮೂರು. ಮಲೆನಾಡು, ಕರಾವಳಿಯ ಅಡಿಕೆ ತೋಟಗಳಲ್ಲಿ ಬೆಳೆ ರಕ್ಷಣೆಯ ಲೈಸೆನ್ಸಿನಲ್ಲಿ ಕೇಪಿನ ಕೋವಿ ಇಟ್ಟುಕೊಂಡವರಿಗೆ ಈ ರಿವಾಲ್ವರಿನ ರಸಾಯನವೆಲ್ಲ ಹೊಸದಲ್ಲ. ಮಸಿ, ಕೇಪು, ಮದ್ದು ಜಡಿಯುವ ಗಜ, ಒದ್ದೆಯಾದರೆ ಟುಸ್ಸೆನ್ನುವುದು, ಹಾರಿಸಿದ ಸಂಜೆಯೇ ಬಿಸಿನೀರು ಹೊಯ್ದು ತೊಳೆಯುವುದು ಎಲ್ಲ ಒಂದೇ. ಮದ್ದು ಉರಿದ ಮೇಲೆ ಉಳಿಯುವ ಪೊಟ್ಯಾಸಿಯಂ ಲವಣಗಳು ಗಾಳಿಯ ತೇವ ಎಳೆದುಕೊಳ್ಳುತ್ತವೆ. ಅವು ಕರಗುವುದು ನೀರಿಗೆ, ಎಣ್ಣೆಗಲ್ಲ. ತೊಳೆಯದೆ ಮೇಲೆ ಎಣ್ಣೆ ಬಳಿದರೆ ತುಕ್ಕಿಗೆ ಹೊದಿಕೆ ಹೊದಿಸಿದಂತೆ. ಕೊಡಗಿನಲ್ಲಂತೂ ಕೋವಿ ಬಾಳಿನ ಒಳಗೇ ಇದೆ. ಸೆಪ್ಟೆಂಬರಿನಲ್ಲಿ ಬರುವ ಆಯುಧಗಳ ಹಬ್ಬ ಕೈಲ್‌ಪೊಳ್ದಿನಲ್ಲಿ ಕೋವಿಗೆ ತೋಕ್ ಪೂ (ಕೋವಿ ಹೂ) ಸಿಕ್ಕಿಸಿ ಪೂಜೆ, ಆಮೇಲೆ ತೆಂಗಿನಕಾಯಿಗೆ ಗುರಿ. ಕೊಡವರಿಗೂ ಜಮ್ಮಾ ಎಂಬ ವಂಶಪಾರಂಪರ್ಯದ ಭೂಮಿಯ ಹಿಡುವಳಿದಾರರಿಗೂ ಇರುವ ಲೈಸೆನ್ಸ್ ವಿನಾಯಿತಿಯನ್ನು ಕೇಂದ್ರ ಸರ್ಕಾರ 2029ರವರೆಗೆ ವಿಸ್ತರಿಸಿದೆ. ಪೂಜೆ ಮಾಡಿದ ಮೇಲೆ ಹಾರಿಸುತ್ತಾರೆ, ಹಾರಿಸಿದ ಮೇಲೆ ತೊಳೆಯುತ್ತಾರೆ. ಆಯುಧವನ್ನು ಬಲ್ಲ ಜನರ ರೀತಿ ಇದು. ಉಳಿದ ಕಡೆ ಆಯುಧಪೂಜೆಯಂದು ಅರಿಶಿನ ಕುಂಕುಮ ಇಟ್ಟು ವಾರಗಟ್ಟಲೆ ಹಾಗೇ ಬಿಡುವ ಪದ್ಧತಿ ಉಕ್ಕಿಗೆ ಕೆಟ್ಟದ್ದು. ಆ ಪುಡಿ ತೇವ ಹಿಡಿದಿಟ್ಟು ನೀಲಿ ಹೊಳಪಿನ ಮೇಲೆ ಅಳಿಸಲಾಗದ ಕಲೆ ಮಾಡುತ್ತದೆ. ಮರುದಿನವೇ ಒರೆಸಿ ತೆಳುವಾಗಿ ಎಣ್ಣೆ ಹಚ್ಚಬೇಕು. ಚುನಾವಣೆ ಬಂದಾಗ ಕೋವಿಯನ್ನು ಠಾಣೆಗೆ ಒಪ್ಪಿಸುವ ರೈತರೂ ಅಷ್ಟೇ, ಒಪ್ಪಿಸುವ ಮುನ್ನ ನಳಿಗೆಯ ಒಳಗೆ ದಪ್ಪ ಗ್ರೀಸ್ ಹಚ್ಚಿ ಕೊಡಬೇಕು, ವಾಪಸು ಬಂದಾಗ ಒರೆಸದೆ ಹಾರಿಸಬಾರದು.

ಭಾರತದಲ್ಲಿ ಹಾರಿಸಬಲ್ಲ ಕೇಪಿನ ರಿವಾಲ್ವರಿಗೂ ಲೈಸೆನ್ಸ್ ಬೇಕು, ಅಮೆರಿಕದ ‘ಪುರಾತನ’ ಎಂಬ ರಿಯಾಯಿತಿ ಇಲ್ಲಿಲ್ಲ. ಅಲ್ಲಿರುವ ಕನ್ನಡಿಗರು ಊರಿಗೆ ಬರುವಾಗ ಸಾಮಾನಿನಲ್ಲಿ ಇಟ್ಟುಕೊಂಡು ಬರುವ ಯೋಚನೆಯನ್ನೇ ಮಾಡಬಾರದು.

ಇನ್ನು ತುಂಬುವ ವಿಷಯ. 1860ರ ಆರ್ಮಿ, ರೆಮಿಂಗ್ಟನ್ ನ್ಯೂ ಮಾಡೆಲ್ ಆರ್ಮಿ ಎರಡೂ .44 ಎಂದು ಕರೆಸಿಕೊಂಡರೂ ಗುಂಡು 0.451 ಅಥವಾ 0.454 ಇಂಚಿನದು. ಮೃದುವಾದ ಶುದ್ಧ ಸೀಸವೇ ಆಗಬೇಕು. ಗುಂಡು ಚೇಂಬರಿಗಿಂತ ತುಸು ದೊಡ್ಡದಿದ್ದು, ಒತ್ತಿದಾಗ ಸುತ್ತಲೂ ಸೀಸದ ಪೂರ್ತಿ ಉಂಗುರ ಕತ್ತರಿಸಿ ಬೀಳಬೇಕು. ಉಂಗುರ ಅರ್ಧಂಬರ್ಧ ಬಂದರೆ ಬೆಂಕಿ ಪಕ್ಕದ ಚೇಂಬರಿಗೆ ನುಗ್ಗುವ ದಾರಿ ತೆರೆದಂತೆ. ಮದ್ದು ಎಫ್‌ಎಫ್‌ಎಫ್‌ಜಿ ಎಂಬ ಸಣ್ಣ ಕಾಳಿನ ದರ್ಜೆಯದು, 25ರಿಂದ 30 ಗ್ರೇನ್, ಅಂದರೆ 1.6ರಿಂದ 1.9 ಗ್ರಾಂ. ತಯಾರಕರ ಕೈಪಿಡಿ ಇದಕ್ಕಿಂತ ಕಡಿಮೆ ಹೇಳಿದ್ದರೆ ಅದೇ ಮಿತಿ. ಹೊಗೆರಹಿತ ಮದ್ದನ್ನು ಚಿಟಿಕೆಯಷ್ಟೂ ಸೇರಿಸಬಾರದು. ಮದ್ದಿಗೂ ಗುಂಡಿಗೂ ನಡುವೆ ಜೇನುಮೇಣ ಮತ್ತು ಪ್ರಾಣಿಕೊಬ್ಬಿನಲ್ಲಿ ಅದ್ದಿದ ಉಣ್ಣೆಯ ಬಿಲ್ಲೆ ಇಟ್ಟರೆ ಮಸಿ ಮೆತ್ತಗೆ ಉಳಿಯುತ್ತದೆ. ಖನಿಜ ಎಣ್ಣೆ ಹಾಕಿದರೆ ಮಸಿ ಡಾಂಬರಾಗುತ್ತದೆ. ಗುಂಡಿನ ಕೆಳಗೆ ಗಾಳಿಯ ಜಾಗ ಉಳಿಯಕೂಡದು.

ಕೆಲವು ಪ್ರತಿಗಳಲ್ಲಿ ಚೇಂಬರ್ 0.446 ಇಂಚು, ನಳಿಗೆಯ ಒಳಗಿನ ಸುರುಳಿ ತೋಡು 0.451. ಗುಂಡು ಚೇಂಬರಿನಲ್ಲೇ ಸಣ್ಣದಾಗಿ, ನಳಿಗೆಯಲ್ಲಿ ಆ ತೋಡಿಗೆ ಕಚ್ಚದೆ ಹೋಗುತ್ತದೆ. ಗುರಿ ಚೆದುರುತ್ತದೆ. ಜನ ಮದ್ದನ್ನೋ ಕೈಯನ್ನೋ ದೂರುತ್ತಾರೆ. ಮಾಡಬೇಕಾದ್ದು ಆರೂ ಚೇಂಬರನ್ನು ನಳಿಗೆಯ ಅಳತೆಗೆ ರೀಮರ್ (ತೂತು ಹಿಗ್ಗಿಸುವ ಉಪಕರಣ) ಹಾಕಿಸುವುದು. ಮೂಲ ಕೋಲ್ಟಿನ ಹೆಸರು ಹೊತ್ತು ಈ ಅಳತೆ ತಪ್ಪಿಸುವುದು ನನ್ನ ಪ್ರಕಾರ ತಪ್ಪು ಮುದ್ರೆ ಒತ್ತುವುದಕ್ಕಿಂತ ದೊಡ್ಡ ತಪ್ಪು.

ಒಡೆದ ಕೇಪಿನ ಚೂರು ಹ್ಯಾಮರಿನ ಸಂದಿಗೆ ಬಿದ್ದು ಯಂತ್ರ ಕಚ್ಚಿಕೊಳ್ಳುವುದು ಕೋಲ್ಟಿನ ಹುಟ್ಟುದೋಷ. ನಿಪ್ಪಲಿನ ತೂತು ಅಗಲವಾದಷ್ಟೂ ಅನಿಲ ಹಿಂದಕ್ಕೆ ನುಗ್ಗಿ ಹ್ಯಾಮರನ್ನು ಎತ್ತುತ್ತದೆ, ಕೇಪು ಚಿಂದಿಯಾಗುತ್ತದೆ. ಸುಮಾರು 0.7 ಮಿ.ಮೀ. ತೂತಿನ ಒಳ್ಳೆಯ ನಿಪ್ಪಲ್ ಹಾಕಿ, ಅದರ ಕೋನಕ್ಕೆ ಹತ್ತನೇ ನಂಬರೋ ಹನ್ನೊಂದೋ ಯಾವ ಕೇಪು ಬಿಗಿಯಾಗಿ ಕೂರುತ್ತದೆಂದು ನೋಡಿಕೊಂಡರೆ ಮುಕ್ಕಾಲು ತೊಂದರೆ ಕಳೆಯುತ್ತದೆ. ಹ್ಯಾಮರ್ ಎಳೆಯುವಾಗ ನಳಿಗೆಯನ್ನು ಮೇಲಕ್ಕೆ ಎತ್ತಿದರೆ ಚೂರು ಹೊರಗೆ ಉದುರುತ್ತದೆ. ಸ್ಪರ್ಧೆಯ ಮೈದಾನದಲ್ಲಿ ಅದಕ್ಕೆ ಅನುಮತಿ ಇರದಿದ್ದರೆ ಗುರಿಯ ಕಡೆಗೇ ಹಿಡಿದು ಬಲಕ್ಕೆ ವಾಲಿಸಬೇಕು.

1873ರ ಕೋಲ್ಟ್ ಸಿಂಗಲ್ ಆಕ್ಷನ್ ಆರ್ಮಿ ತೋಟಾದ ಆಯುಧ. ಏಳೂವರೆ ಇಂಚು ನಳಿಗೆಯ ಇದನ್ನೇ ಅಮೆರಿಕದ ಏಳನೇ ಅಶ್ವದಳ 1876ರ ಜೂನಿನಲ್ಲಿ ಲಿಟಲ್ ಬಿಗ್‌ಹಾರ್ನಿಗೆ ಒಯ್ದದ್ದು. ಹ್ಯಾಮರನ್ನು ಎಳೆದಾಗ ಟ್ರಿಗರ್ ಕೂರುವ ಮೊದಲ ಗೀರು ಸುರಕ್ಷೆಯದು ಎನ್ನುತ್ತಾರೆ, ಆದರೆ ಹ್ಯಾಮರಿನ ಮೇಲೆ ಆಯುಧ ಬಿದ್ದರೆ ಟ್ರಿಗರಿನ ತೆಳುವಾದ ತುದಿ ಮುರಿದು ಗುಂಡು ಹಾರುತ್ತದೆ. ಅದಕ್ಕೇ ಐದು ತೋಟಾದ ಕ್ರಮ: ಒಂದು ತುಂಬು, ಒಂದು ಬಿಡು, ನಾಲ್ಕು ತುಂಬು, ಪೂರ್ತಿ ಎಳೆದು ಖಾಲಿ ಚೇಂಬರಿನ ಮೇಲೆ ನಿಧಾನ ಇಳಿಸು. ಈಚಿನ ಕೆಲವು ಪ್ರತಿಗಳಲ್ಲಿ ಟ್ರಿಗರ್ ಒತ್ತುವವರೆಗೆ ಫೈರಿಂಗ್ ಪಿನ್ (ತೋಟಾಕ್ಕೆ ಬಡಿಯುವ ಮೊಳೆ) ಹಿಂದೆ ಸರಿದೇ ಇರುವ ಯಂತ್ರ ಸೇರಿಸಿದ್ದಾರೆ. ಜೀವ ಉಳಿಸುವ ಬದಲಾವಣೆ, ಒಪ್ಪುತ್ತೇನೆ. ಆದರೂ ಐದರ ಅಭ್ಯಾಸ ಬಿಡಬಾರದು. ಹೊಸದರಲ್ಲಿ ಆರು ತುಂಬಿ ರೂಢಿಯಾದ ಕೈ ನಾಳೆ ಹಳೆಯ ಮಾದರಿಯಲ್ಲೂ ಆರು ತುಂಬುತ್ತದೆ.

ಸ್ಕೋಫೀಲ್ಡ್ ಪ್ರತಿಯ ಕಥೆ ನನಗೆ ಎಲ್ಲಕ್ಕಿಂತ ಬೇಸರದ್ದು. ಹತ್ತನೇ ಅಶ್ವದಳದ ಮೇಜರ್ ಜಾರ್ಜ್ ಸ್ಕೋಫೀಲ್ಡ್ ಸ್ಮಿತ್ ಅಂಡ್ ವೆಸನ್ನಿನ ನಡುಮುರಿಯುವ (ಕೀಲಿನ ಮೇಲೆ ನಳಿಗೆ ಬಗ್ಗಿ ತೆರೆಯುವ) ರಿವಾಲ್ವರಿನ ಚಿಲಕವನ್ನು ಚೌಕಟ್ಟಿಗೆ ಸರಿಸಿ, ಒಂದೇ ಕೈಯಲ್ಲಿ ಕುದುರೆಯ ಮೇಲೆ ಕೂತೇ ತೆರೆಯುವಂತೆ ಮಾಡಿದರು. ಆರು ಖಾಲಿ ತೋಟಾ ಒಟ್ಟಿಗೆ ಹೊರಬೀಳುತ್ತಿದ್ದವು. ಅದರ ತೋಟಾ ಕೋಲ್ಟಿನದಕ್ಕಿಂತ ಗಿಡ್ಡ. ಇಟಲಿಯ ಪ್ರತಿಗೆ ಉದ್ದದ .45 ಕೋಲ್ಟ್ ತೋಟಾ ಹಿಡಿಸಬೇಕೆಂದು ಸಿಲಿಂಡರನ್ನು ಉದ್ದ ಮಾಡಿದರು, ಚೌಕಟ್ಟನ್ನು ಅದಕ್ಕೆ ತಕ್ಕಂತೆ ಬೆಳೆಸಲಿಲ್ಲ. ಸಿಲಿಂಡರಿನ ಮುಂದೆ ಮಸಿಯನ್ನು ತಡೆಯುತ್ತಿದ್ದ ಕಾಲರ್ ಹೋಯಿತು. ಕರಿಮದ್ದಿನಲ್ಲಿ ಹಾರಿಸಿದರೆ ಮಸಿ ನೇರ ಅಕ್ಷದೊಳಗೆ ಇಳಿದು ಸಿಲಿಂಡರ್ ಕಚ್ಚುತ್ತದೆ. ಹೊಗೆರಹಿತ ಮದ್ದಿನ ತೋಟಾದಲ್ಲಿ ಚೆನ್ನಾಗಿ ಓಡುತ್ತದೆ. ಅಂದರೆ ಕರಿಮದ್ದಿನ ಕಾಲದ ಸೇನಾ ರಿವಾಲ್ವರಿನ ಪ್ರತಿ ಆ ಮದ್ದಿಗೇ ಒಗ್ಗುವುದಿಲ್ಲ.

ಭಾರತದಲ್ಲಿ ನಡುಮುರಿಯುವ ರಿವಾಲ್ವರ್ ಇನ್ನೂ ಪ್ರತಿಯಾಗಿಲ್ಲ, ಬಳಕೆಯಲ್ಲೇ ಇದೆ. ಕಾನ್ಪುರದಲ್ಲಿ ತಯಾರಾಗುವ .32 ರಿವಾಲ್ವರ್ ಬ್ರಿಟನ್ನಿನ ವೆಬ್ಲಿ ರಿವಾಲ್ವರಿನ ವಂಶದ್ದು. ಮೈಸೂರು ಲ್ಯಾನ್ಸರ್ಸ್ 1918ರ ಸೆಪ್ಟೆಂಬರ್ 23ರಂದು ಹೈಫಾದಲ್ಲಿ ದಾಳಿ ಮಾಡಿದ್ದನ್ನು ನಾವು ಈಟಿ ಕುದುರೆಗಳ ಚಿತ್ರದಲ್ಲಿ ನೆನೆಯುತ್ತೇವೆ. ಆ ಕಾಲದ ಆಯುಧ ಹೇಗೆ ಕೆಲಸ ಮಾಡುತ್ತಿತ್ತು ಎಂಬುದನ್ನು ನಮ್ಮ ವಸ್ತುಸಂಗ್ರಹಾಲಯಗಳು ಹೇಳುವುದು ಅಪರೂಪ. ಗಾಜಿನೊಳಗೆ ಒಂದು ರಿವಾಲ್ವರ್, ಕೆಳಗೆ ಒಂದು ಸಾಲು. ಅದರ ಪಕ್ಕದಲ್ಲಿ ಹಾರಿಸಲಾಗದಂತೆ ಮಾಡಿ, ಪಕ್ಕ ಸೀಳಿ ಒಳಗನ್ನು ತೋರಿಸುವ ಒಂದು ಪ್ರತಿ ಇಟ್ಟರೆ ಸಾಕು. ಹ್ಯಾಮರ್ ಎಳೆದಾಗ ಸಿಲಿಂಡರ್ ಹೇಗೆ ಆರನೇ ಒಂದು ಸುತ್ತು ತಿರುಗಿತು, ಬೋಲ್ಟ್ ಯಾವ ಕ್ಷಣದಲ್ಲಿ ಕಚ್ಚಿತು ಎಂಬುದನ್ನು ಶಾಲೆಯ ಮಗುವೂ ಕಾಣಬಹುದು. ಸೀಳುವ ಕೆಲಸಕ್ಕೆ ಬಣ್ಣಗೆಟ್ಟ, ಮುದ್ರೆಯಿಲ್ಲದ ಅಗ್ಗದ ಪ್ರತಿಯೇ ಸಾಕು, ಆರ್ಬರ್ ಮಾತ್ರ ಸರಿಯಿರಬೇಕು.