ಎಲ್ಲರೂ ರಿಪೇರಿ ಮಾಡಿದ ಕಾರು

ನಮ್ಮ ಕಾರನ್ನು ರಿಪೇರಿ ಮಾಡದವರೇ ಇಲ್ಲ. ನೆಲಮಂಗಲ ಟೋಲ್ ಹತ್ತಿರ ಕಡ್ಲೆಕಾಯಿ ಮಾರುವವರು ಮಾಡಿದ್ದಾರೆ. ತಿಪಟೂರಿನ ಎಳನೀರಿನವರು ಮಾಡಿದ್ದಾರೆ. ಎದುರುಮನೆಯ ರಿಟೈರ್ಡ್ ಬ್ಯಾಂಕ್ ಮ್ಯಾನೇಜರ್ ಬ್ಯಾಟರಿಯ ಟರ್ಮಿನಲ್ ಅಲ್ಲಾಡಿಸಿ ಮಾಡಿದ್ದಾರೆ. ನಮ್ಮ ಅತ್ತೆಯಂತೂ ಬಾನೆಟ್ ಕೂಡ ತೆಗೆಸದೆ, ಬರೀ ನಿಂಬೆಹಣ್ಣಿನಲ್ಲಿ ಮಾಡಿದ್ದಾರೆ. ಎಲ್ಲರ ರಿಪೇರಿಯೂ ಫಲ ಕೊಟ್ಟಿದೆ. ತೊಂದರೆ ಇದ್ದದ್ದೇ ಅಲ್ಲಿ.

ಕಾರಿಗೆ ಆಗುತ್ತಿದ್ದದ್ದು ಇಷ್ಟೇ. ಚೆನ್ನಾಗಿ ಓಡುತ್ತಾ ಇರುತ್ತದೆ, ಇದ್ದಕ್ಕಿದ್ದ ಹಾಗೆ ಎಂಜಿನ್ ಆಫ್. ಕೆಮ್ಮುವುದಿಲ್ಲ, ಕುಲುಕುವುದಿಲ್ಲ. ರೇಡಿಯೋ ಹಾಡುತ್ತಲೇ ಇರುತ್ತದೆ, ಏಸಿ ಫ್ಯಾನ್ ಗಾಳಿ ಬೀಸುತ್ತಲೇ ಇರುತ್ತದೆ. ಸ್ಟಿಯರಿಂಗ್ ಮಾತ್ರ ಒಮ್ಮೆಲೇ ಭಾರ. ಹೇಗೋ ಪಕ್ಕಕ್ಕೆ ತಂದು ಕೀ ತಿರುಗಿಸಿದರೆ ಸ್ಟಾರ್ಟರ್ ಜೋರಾಗಿಯೇ ಗರ್ ಗರ್ ಅನ್ನುತ್ತದೆ, ಎಂಜಿನ್ ಹಿಡಿಯುವುದಿಲ್ಲ. ಅರ್ಧ ಗಂಟೆ ಬಿಟ್ಟು ಮತ್ತೆ ತಿರುಗಿಸಿ ನೋಡಿ, ಮುಟ್ಟುತ್ತಲೇ ಸ್ಟಾರ್ಟ್. ಆಮೇಲೆ ಮನೆ ಸೇರುವವರೆಗೂ ಮಹಾ ಸಭ್ಯ.

ಆ ಅರ್ಧ ಗಂಟೆ ಇದೆಯಲ್ಲ, ಅದರಲ್ಲಿ ಯಾರಾದರೂ ಬಂದೇ ಬರುತ್ತಾರೆ. ಬಾನೆಟ್ ಎತ್ತಿ ನಿಂತ ಕಾರನ್ನು ನೋಡಿ ಸುಮ್ನೆ ಹೋಗುವ ಗಂಡಸು ನಮ್ಮಲ್ಲಿ ಇನ್ನೂ ಹುಟ್ಟಿಲ್ಲ.

ಟೋಲ್‌ನಲ್ಲಿ ಆದದ್ದು ಹೀಗೆ. ಫಾಸ್ಟ್ಯಾಗ್ ಬೀಪ್ ಅಂತು, ಹಸಿರು ದೀಪ ಬಂತು, ಅಡ್ಡಗಂಬ ಎದ್ದಿತು. ನಾವು ಏಳಲಿಲ್ಲ. ಹಿಂದೆ ಒಂದು ಕೆಂಪು ಬಸ್ಸು, ಅದರ ಹಿಂದೆ ಹಬ್ಬಕ್ಕೆ ಊರಿಗೆ ಹೊರಟ ಅರ್ಧ ಬೆಂಗಳೂರು. ಹಾರ್ನ್‌ಗಳ ನಡುವೆ ನಾಲ್ಕು ಜನ ಇಳಿದು ಬಂದು ತಳ್ಳಿದರು. ತಳ್ಳುತ್ತಲೇ ಒಬ್ಬರು ಕೂಗಿದರು: "ಸೆಕೆಂಡ್ ಗೇರಿಗೆ ಹಾಕಿ, ಕ್ಲಚ್ ಬಿಡಿ!" ಹಾಕಿದೆ, ಬಿಟ್ಟೆ. ಕಾರು ದಡಕ್ಕೆಂದು ನಿಂತಿತು, ತಳ್ಳುತ್ತಿದ್ದವರ ಮೂಗು ಡಿಕ್ಕಿಯ ಗಾಜಿಗೆ ಬಡಿಯಿತು. ಅಂಬಾಸಿಡರ್, ಪದ್ಮಿನಿ ಕಾಲದಲ್ಲಿ ಇದು ಒಳ್ಳೆಯ ಸಲಹೆ. ಅಲ್ಲಿ ಕಿಡಿ ಹಂಚುವುದು ಡಿಸ್ಟ್ರಿಬ್ಯೂಟರ್. ಎಂಜಿನ್ ಜೊತೆ ಅದೂ ತಿರುಗುತ್ತದೆ, ಯಾರನ್ನೂ ಕೇಳುವುದಿಲ್ಲ. ಮೈಕೋ ಪ್ಲಗ್ ಬಿಚ್ಚಿ, ಪಾಯಿಂಟ್‌ಗೆ ಎಮರಿ ಪೇಪರ್ ತಿಕ್ಕಿ, ನಾಲ್ಕು ಜನ ತಳ್ಳಿದರೆ ಹೊರಡುತ್ತಿತ್ತು. ಈಗಿನ ಕಾರಿನಲ್ಲಿ ತಳ್ಳಾಟ ಸ್ಟಾರ್ಟರ್ ಮೋಟರಿನ ಕೆಲಸ ಮಾತ್ರ ಮಾಡುತ್ತದೆ. ನಮ್ಮ ಸ್ಟಾರ್ಟರ್ ಚೆನ್ನಾಗಿಯೇ ಇತ್ತು.

ತಳ್ಳಿದವರು ಮೂಗು ಉಜ್ಜಿಕೊಂಡು ಹೋದರು. ಕಡ್ಲೆಕಾಯಿಯವರು ಉಳಿದರು. ತುಂಬಾ ಹೊತ್ತು ನೋಡಿ, "ಪೆಟ್ರೋಲ್ ಮುಚ್ಚಳ ಒಂದ್ಸಲ ತೆಗೆದು ಹಾಕಿ, ಗ್ಯಾಸ್ ಕಟ್ಕೊಂಡಿರುತ್ತೆ" ಅಂದರು. ತೆಗೆದೆ, ಹಾಕಿದೆ, ಕೀ ತಿರುಗಿಸಿದೆ. ಸ್ಟಾರ್ಟ್! ಅವರು ಆಶ್ಚರ್ಯಪಡಲೂ ಇಲ್ಲ. ಕೃತಜ್ಞತೆಗೆ ಅರ್ಧ ಕೇಜಿ ಕಡ್ಲೆಕಾಯಿ ಕೊಂಡೆವು.

ತಿಪಟೂರಿನಲ್ಲಿ ಎಳನೀರಿನವರು ಇನ್ನೂ ಸರಳ. "ಎಳನೀರು ಕುಡೀರಿ ಸಾರ್, ಅಷ್ಟರಲ್ಲಿ ಸರಿ ಹೋಗುತ್ತೆ." ಎಲ್ಲರೂ ಕುಡಿದೆವು, ಗಂಜಿ ಕೆರೆದು ತಿಂದೆವು, ಸರಿ ಹೋಯಿತು. ಇಷ್ಟೂ ಜನರಲ್ಲಿ ನಿಜ ಹೇಳಿದವರು ಅವರೊಬ್ಬರೇ ಅಂತ ಗೊತ್ತಾಗಿದ್ದು ಆಮೇಲೆ.

ಅತ್ತೆಯ ಕೇಸು ಮನೆಯ ಗೇಟಿನ ಮುಂದೆ. ಕಾರು ಅರ್ಧ ರಸ್ತೆ, ಅರ್ಧ ಗೇಟಿನಲ್ಲಿ ನಿಂತಿತ್ತು. "ಕಣ್ಣು ಬಿದ್ದಿದೆ" ಅಂದರು. ನಾಲ್ಕು ನಿಂಬೆಹಣ್ಣು ಬೇಕು. ಫ್ರಿಜ್ಜಿನಲ್ಲಿ ಇದ್ದದ್ದು ಎರಡು, ಅದರಲ್ಲೂ ಒಂದು ಅರ್ಧ ಕೊಯ್ದದ್ದು. ಅಂಗಡಿಗೆ ಹೋಗಿ, ಚಿಲ್ಲರೆ ಇಲ್ಲದೆ ಯುಪಿಐ ಮಾಡಿ, ಸರ್ವರ್ ಡೌನ್ ಆಗಿ, ಕಡೆಗೆ ಸಾಲ ಹೇಳಿ ತರುವಷ್ಟರಲ್ಲಿ ಸಾಕಷ್ಟು ಹೊತ್ತು ಕಳೆದಿತ್ತು. ಚಕ್ರಕ್ಕೊಂದರಂತೆ ಇಟ್ಟು, ಮೆಣಸಿನಕಾಯಿ ನಿವಾಳಿಸಿ, "ಈಗ ತಿರುಗಿಸಿ" ಅಂದರು. ಪಚ್ ಪಚ್ ಎಂದು ಹಣ್ಣು ಒಡೆದುಕೊಂಡು ಕಾರು ಒಳಗೆ ಬಂತು. ಅತ್ತೆ ನನ್ನ ಕಡೆ ನೋಡಿದ ನೋಟಕ್ಕೆ ವಿಜ್ಞಾನದ ಕಡೆಯಿಂದ ಉತ್ತರ ಕೊಡುವ ಧೈರ್ಯ ನನಗೆ ಆಗಲಿಲ್ಲ.

ಸೋತವರೂ ಇದ್ದರು, ಇಲ್ಲ ಅಂತಲ್ಲ. ಆದರೆ ಅವರೆಲ್ಲ ಮೊದಲು ಬಂದವರು. ನಮ್ಮ ಕಾರು ಮತ್ತೆ ಹಿಡಿಯುವುದು ತಣ್ಣಗಾದ ಮೇಲೆ, ಎಂಜಿನ್ನೋ ನಿಂತ ಕೂಡಲೇ ತಣ್ಣಗಾಗುವುದಿಲ್ಲ. ನೀರು ಸುತ್ತುವುದು ನಿಲ್ಲುತ್ತದೆ, ಮುಂದಿನಿಂದ ಗಾಳಿ ಬರುವುದು ನಿಲ್ಲುತ್ತದೆ, ಒಳಗಿನ ಕಬ್ಬಿಣದ ಬಿಸಿ ಹೊರಗೆ ಹರಡಿ ಬಾನೆಟ್ ಕೆಳಗೆ ಮೊದಲ ಕೆಲವು ನಿಮಿಷ ಕಾವು ಇನ್ನೂ ಏರುತ್ತದೆ. ಆಗ ಬಂದವರು ಎಷ್ಟೇ ಬುದ್ಧಿವಂತರಾದರೂ ಮುಖ ಕೆಡಿಸಿಕೊಂಡು ಹೋಗಬೇಕು. ಆಮೇಲೆ ಬಂದವರು ಬಾನೆಟ್ ಮೇಲೆ ಒಂದು ಗುದ್ದು ಹಾಕಿದರೂ ಮೆಕ್ಯಾನಿಕ್ಕೇ.

ಇನ್ನು ನಿಜವಾದ ಮೆಕ್ಯಾನಿಕ್. ಅವರ ಪಾಡು ಎಲ್ಲರಿಗಿಂತ ಕಷ್ಟ. ಗ್ಯಾರೇಜಿಗೆ ಹೋಗಬೇಕಾದರೆ ಕಾರು ಓಡಬೇಕು. ಓಡುತ್ತಿರುವ ಕಾರಿಗೆ ಏನೂ ಆಗಿರುವುದಿಲ್ಲ. "ಗಾಡಿ ಪಕ್ಕಾ ಇದೆ ಸಾರ್" ಎಂದು ಪ್ರತಿ ಸಲವೂ ಪ್ರಾಮಾಣಿಕವಾಗಿಯೇ ಹೇಳುತ್ತಿದ್ದರು. ಸ್ಟಿಯರಿಂಗ್ ಕೆಳಗೆ ಕಾರಿನ ಕಂಪ್ಯೂಟರ್ ಬರೆದಿಟ್ಟ ದೂರುಗಳನ್ನು ಓದುವ 16 ಪಿನ್ನಿನ ಓಬಿಡಿ ಸಾಕೆಟ್ ಇರುತ್ತದಲ್ಲ, ಅದಕ್ಕೆ ಸ್ಕ್ಯಾನರ್ ಚುಚ್ಚಿದರು. ಎಂಜಿನ್ ತಿರುಗುತ್ತಿದೆ ಅಂತ ಆ ಕಂಪ್ಯೂಟರಿಗೆ ತಿಳಿಸುವ ಕ್ರ್ಯಾಂಕ್ ಸೆನ್ಸರಿನ ಸರ್ಕ್ಯೂಟ್ ಕೆಟ್ಟರೆ ಪಿ 0335 ಅಂತ ಕೋಡ್ ಬರಬೇಕು. ನಮ್ಮದರಲ್ಲಿ 'ನೋ ಫಾಲ್ಟ್' ಅಂತ ಬಂತು. ಇದರಲ್ಲೊಂದು ತಮಾಷೆ ಇದೆ. ಸೆನ್ಸರಿನಿಂದ ಸಿಗ್ನಲ್ ಬರದಿದ್ದರೆ ಕೆಲವು ಕಾರುಗಳ ಕಂಪ್ಯೂಟರು, "ಓಹೋ, ಎಂಜಿನ್ ತಿರುಗುತ್ತಿಲ್ಲ" ಅಂದುಕೊಂಡು ಸುಮ್ಮನಾಗುತ್ತದೆ. ತಿರುಗದ ಎಂಜಿನ್ನಿನ ಬಗ್ಗೆ ಅದು ದೂರು ಯಾಕೆ ಬರೆಯಬೇಕು?

ಸ್ಕ್ಯಾನರ್ ಹೇಳದಿದ್ದರೂ ಮೆಕ್ಯಾನಿಕ್ ಏನಾದರೂ ಹೇಳಬೇಕಲ್ಲ. ಪ್ಲಗ್ ಬದಲಾಯಿತು. ಮ್ಯಾನೇಜರ್ ಸಾಹೇಬರ ಒತ್ತಾಯಕ್ಕೆ ಬ್ಯಾಟರಿ ಬದಲಾಯಿತು. ಒಂದು ದಿನ ಮೆಕ್ಯಾನಿಕ್ ಅದೃಷ್ಟಕ್ಕೆ ಕಾರು ಅವರ ಗ್ಯಾರೇಜಿನ ಬೀದಿಯಲ್ಲೇ ನಿಂತಿತು. ಓಡಿ ಬಂದು, ಹಿಂದಿನ ಸೀಟಿಗೆ ಕಿವಿ ಇಟ್ಟು ನನ್ನಿಂದ ಸೆಲ್ಫ್ ಹೊಡೆಸಿದರು. ಪಂಪಿನ ಸದ್ದಿಲ್ಲ. ಪೈಪ್ ಬಿಚ್ಚಿ ನೋಡಿದರೆ ಪೆಟ್ರೋಲ್ ಬರುತ್ತಿಲ್ಲ. "ಸಿಕ್ತು ಸಾರ್! ಫ್ಯುಯೆಲ್ ಪಂಪ್ ಹೋಗಿದೆ." ಅವರ ಮುಖದಲ್ಲಿ ಅಂಥ ಸಂತೋಷ ನಾನು ನೋಡಿರಲಿಲ್ಲ. ಸೀಟು ಎತ್ತಿ, ಟ್ಯಾಂಕಿನಿಂದ ಪಂಪ್ ತೆಗೆದು, ಹೊಸದು ಕೂರಿಸಿದರು. ಅಷ್ಟು ಹೊತ್ತಿಗೆ ಎಂಜಿನ್ ಮುಟ್ಟಿದರೆ ತಣ್ಣಗೆ. ಕಾರು ಸ್ಟಾರ್ಟ್ ಆಗದೆ ಇನ್ನೇನು ಮಾಡುತ್ತದೆ? ಬಿಲ್ ನೋಡಿ ನನಗೆ ಬಿಸಿಯಾಯಿತು.

ಪಂಪಿನ ತಪ್ಪು ಏನೂ ಇರಲಿಲ್ಲ, ಪಾಪ. ಕೀ ಆನ್ ಮಾಡಿದಾಗ ಅದು ಒಂದೆರಡು ಸೆಕೆಂಡ್ ಓಡಿ ನಿಲ್ಲುತ್ತದೆ. ಎಂಜಿನ್ ತಿರುಗುತ್ತಿದೆ ಅಂತ ಸಿಗ್ನಲ್ ಬಂದರೆ ಮಾತ್ರ ಕಂಪ್ಯೂಟರ್ ಅದಕ್ಕೆ ಮತ್ತೆ ಕರೆಂಟ್ ಕೊಡುತ್ತದೆ. ಅಪಘಾತದಲ್ಲಿ ಎಂಜಿನ್ ನಿಂತ ಮೇಲೂ ಪೆಟ್ರೋಲ್ ಚಿಮ್ಮುತ್ತಿರಬಾರದು ಅಂತ ಈ ಏರ್ಪಾಡು. ಹೀಗಾಗಿ ಕೆಟ್ಟದ್ದು ಎಂಜಿನ್ ಹಿಂದೆ ಅಡಗಿದ್ದ ಹೆಬ್ಬೆರಳಷ್ಟು ಸೆನ್ಸರ್, ಸಿಕ್ಕಿಬಿದ್ದದ್ದು ಪಂಪ್.

ಸತ್ಯ ಹೊರಬಿದ್ದದ್ದು ಶಿರಾಡಿ ಘಾಟಿನಲ್ಲಿ. ಮಂಗಳೂರಿನಿಂದ ವಾಪಸು ಬರುವಾಗ, ಗುಂಡ್ಯ ದಾಟಿ, ಏರಿನಲ್ಲಿ, ಮುಂದೆ ಒಂದು ಗ್ಯಾಸ್ ಟ್ಯಾಂಕರ್, ಹಿಂದೆ ಇನ್ನೊಂದು. ಹೊಸ ಪಂಪ್, ಹೊಸ ಬ್ಯಾಟರಿ, ಹೊಸ ಪ್ಲಗ್, ಡ್ಯಾಶ್‌ಬೋರ್ಡಿನ ಮೇಲೆ ಅತ್ತೆ ಕೊಟ್ಟ ಕುಂಕುಮದ ಪೊಟ್ಟಣ. ಎಲ್ಲದರ ಸಮೇತ ನಿಂತಿತು. ಕಲ್ಲು ಕೊಟ್ಟು ಟೋಯಿಂಗ್‌ಗೆ ಫೋನ್ ಮಾಡಿದೆವು. ಸಾಮಾನ್ಯವಾಗಿ ಅವರು ಬರುವಷ್ಟರಲ್ಲಿ ಕಾರು ಸರಿಹೋಗಿ ನಾವೇ ಕ್ಷಮೆ ಕೇಳಬೇಕಾಗುತ್ತಿತ್ತು. ಅವತ್ತು ಒಂದು ಫ್ಲಾಟ್‌ಬೆಡ್ ಖಾಲಿಯಾಗಿ ಸಕಲೇಶಪುರದ ಕಡೆಯಿಂದ ಇಳಿಯುತ್ತಿತ್ತಂತೆ, ಬೆವರು ಒರೆಸುವಷ್ಟರಲ್ಲಿ ಹಾಜರ್.

ಡ್ರೈವರ್ ಇಳಿದರು. ಬಾಯಲ್ಲಿ ಎಲೆ ಅಡಿಕೆ. ಬಾನೆಟ್ ಕಡೆ ನೋಡಲೇ ಇಲ್ಲ. ಕಿಟಕಿಯಲ್ಲಿ ಬಗ್ಗಿ, "ಒಂದ್ಸಲ ಸೆಲ್ಫ್ ಹೊಡೀರಿ" ಅಂದರು. ಹೊಡೆದೆ. "ಆರ್‌ಪಿಎಂ ಮುಳ್ಳು ನೋಡಿ ಸಾರ್. ಏಳ್ತಿದ್ಯಾ?" ಇಲ್ಲ. ಸ್ಟಾರ್ಟರ್ ಎಂಜಿನ್ನನ್ನು ಗರಗರ ತಿರುಗಿಸುತ್ತಿದೆ, ಮುಳ್ಳು ಸೊನ್ನೆಯ ಮೇಲೆ ಮಲಗಿದೆ. ಪಿಚಕ್ಕನೆ ಉಗುಳಿ, "ಕ್ರ್ಯಾಂಕ್ ಸೆನ್ಸರ್" ಅಂದರು.

ಅದು ಹೇಗೆ ಇಷ್ಟು ಬೇಗ ಗೊತ್ತಾಯಿತು ಅಂತ ಕೇಳಿದೆ. "ಗ್ಯಾರೇಜಿನೋರು ಗಾಡಿ ಸರಿಯಾದ್ಮೇಲೆ ನೋಡ್ತಾರೆ. ನಾವು ಕೆಟ್ಟಿರೋವಾಗ ನೋಡ್ತೀವಿ." ಆಮೇಲೆ ಮಗಳ ನೀರಿನ ಬಾಟಲಿ ಕೇಳಿ ಇಸಿದುಕೊಂಡರು. ಉದ್ದ ಸ್ಟ್ರಾ ಇರುವ ಗುಲಾಬಿ ಬಣ್ಣದ ಬಾಟಲಿ. ಎಂಜಿನ್ ಹಿಂದೆ, ಗೇರ್‌ಬಾಕ್ಸ್ ಸೇರುವ ಸಂದಿಗೆ ಸ್ಟ್ರಾ ಗುರಿಯಿಟ್ಟು ನಿಧಾನವಾಗಿ ಹಿಂಡಿದರು. ಸೆನ್ಸರ್ ತಲೆಗೆ ತಣ್ಣೀರು. ಸ್ವಲ್ಪ ಹೊತ್ತು ಬಿಟ್ಟು "ಹೊಡೀರಿ" ಅಂದರು. ಮುಳ್ಳು ಎದ್ದಿತು, ಎಂಜಿನ್ನೂ ಎದ್ದಿತು.

ಆಗ ಅವರ ಮುಖ ನೋಡಬೇಕಿತ್ತು. ಬೆಂಗಳೂರಿನವರೆಗಿನ ಟೋಯಿಂಗ್ ಬಾಡಿಗೆ ತಾನೇ ಕೈಯಾರೆ ತೊಳೆದುಹಾಕಿದ್ದು ಅವರಿಗೆ ಅರ್ಥವಾಗಿತ್ತು. ಬಂದು ಹೋದ ಡೀಸೆಲ್ಲಿಗೆ ಅಂತ ಕೊಟ್ಟದ್ದನ್ನು ತೆಗೆದುಕೊಂಡು, ಇನ್ನೂ ಆಸೆ ಬಿಡದೆ, ಘಾಟಿ ಮುಗಿಯುವವರೆಗೂ ನಮ್ಮ ಹಿಂದೆಯೇ ಬಂದರು.

ಈ ಸೆನ್ಸರ್ ಮಾಡುವ ಕೆಲಸ ದೊಡ್ಡದೇನಲ್ಲ, ಆದರೆ ಬಿಟ್ಟರೆ ಗತಿಯಿಲ್ಲ. ಪಿಸ್ಟನ್‌ಗಳು ತಿರುಗಿಸುವ ದಂಡ, ಅಂದರೆ ಕ್ರ್ಯಾಂಕ್‌ಶಾಫ್ಟಿನ ಜೊತೆ ಒಂದು ಹಲ್ಲಿನ ಚಕ್ರ ತಿರುಗುತ್ತದೆ. ಬಹಳಷ್ಟು ಕಾರುಗಳಲ್ಲಿ 60 ಹಲ್ಲಿನ ಜಾಗ, ಅದರಲ್ಲಿ ಎರಡು ಬೇಕೆಂದೇ ಇರುವುದಿಲ್ಲ. ಉಳಿದ 58 ಹಲ್ಲು ಒಂದೊಂದಾಗಿ ಸೆನ್ಸರಿನ ಮೂಗಿನ ಮುಂದೆ, ಮಿಲಿಮೀಟರ್ ಆಸುಪಾಸಿನ ಅಂತರದಲ್ಲಿ ಹಾದುಹೋಗುತ್ತವೆ. ಹಲ್ಲು ಎಣಿಸಿದರೆ ವೇಗ ಗೊತ್ತಾಗುತ್ತದೆ, ಬೋಳು ಜಾಗ ಬಂದಾಗ ಪಿಸ್ಟನ್ ಎಲ್ಲಿದೆ ಅಂತ ಗೊತ್ತಾಗುತ್ತದೆ. 3000 ಆರ್‌ಪಿಎಂನಲ್ಲಿ ಸೆಕೆಂಡಿಗೆ 2900 ಹಲ್ಲು. ಆ ಲೆಕ್ಕದ ಮೇಲೆಯೇ ಕಂಪ್ಯೂಟರು ಪೆಟ್ರೋಲ್ ಚಿಮುಕಿಸುವುದು, ಕಿಡಿ ಹಾರಿಸುವುದು. ಕಂಡಕ್ಟರ್ "ರೈಟ್" ಅನ್ನದೆ ಡ್ರೈವರ್ ಬಸ್ ಬಿಡುತ್ತಾನೆಯೇ? ಇದೂ ಹಾಗೇ. ನಮ್ಮ ಕಂಡಕ್ಟರಿಗೆ ಬಿಸಿಲು ಏರಿದರೆ ಗಂಟಲು ಕಟ್ಟುತ್ತಿತ್ತು.

ಡಿಪ್ಲೊಮಾ ಎಲೆಕ್ಟ್ರಾನಿಕ್ಸ್ ಮಾಡಿದ ಭಾಮೈದ ಇದಕ್ಕೆ ಸಾಕ್ಷಿ ಬೇಕು ಅಂದ. ಎರಡು ವೈರಿನ ಸೆನ್ಸರ್ ಆಗಿದ್ದರಿಂದ ಮಲ್ಟಿಮೀಟರ್ ಸಾಕು; ಒಳಗೆ ಚಿಪ್ ಇರುವ ಮೂರು ವೈರಿನ 'ಹಾಲ್' ಸೆನ್ಸರ್ ಆಗಿದ್ದರೆ ಈ ಆಟ ನಡೆಯುವುದಿಲ್ಲ. ಒಳಗಿರುವುದು ಅಯಸ್ಕಾಂತಕ್ಕೆ ಸುತ್ತಿದ ಕೂದಲೆಳೆಯ ತಾಮ್ರದ ತಂತಿ. ವರ್ಷಗಟ್ಟಲೆ ಬಿಸಿ ತಂಪು ತಿಂದು ಎಲ್ಲೋ ಒಂದು ಕಡೆ ಬಿರುಕು ಬಿಟ್ಟಿರುತ್ತದೆ. ತಣ್ಣಗಿದ್ದಾಗ ತುದಿಗಳು ತಾಗಿಕೊಂಡಿರುತ್ತವೆ, ಬಿಸಿಗೆ ಹಿಗ್ಗಿದರೆ ಬೇರೆಯಾಗುತ್ತವೆ. ಬಿಚ್ಚಿ ತಂದ ಸೆನ್ಸರಿಗೆ ಮೀಟರ್ ಸಿಕ್ಕಿಸಿ, ನನ್ನ ಹೆಂಡತಿಯ ಹೇರ್ ಡ್ರೈಯರ್ ಹಿಡಿದ. ಬಿಸಿಯಾದರೆ ತಾಮ್ರದ ಓಮ್ಸ್ ಸ್ವಲ್ಪ ಏರುವುದು ಸಹಜ. ಅದೂ ಏರಿತು, ಏರಿತು, ಮೀಟರ್ ಇದ್ದಕ್ಕಿದ್ದಂತೆ 'ಓಎಲ್' ತೋರಿಸಿತು. ಸಂಪರ್ಕ ಕಡಿತ! ಫ್ಯಾನ್ ಕೆಳಗೆ ಹಿಡಿದರೆ ಮತ್ತೆ ಜೀವ. ಅತ್ತೆ ಸೋಫಾದಲ್ಲಿ ಕೂತು ಇದನ್ನೆಲ್ಲ ನೋಡಿ, "ಅದಕ್ಕೇ ನಿಂಬೆಹಣ್ಣು. ತಂಪು" ಅಂದರು.

ಬಿಚ್ಚಿ ತಂದ ಅಂತ ಒಂದೇ ಮಾತಿನಲ್ಲಿ ಹೇಳಿಬಿಟ್ಟೆ. ಬಿಚ್ಚುವುದು ಸುಲಭವಿರಲಿಲ್ಲ. ಇರುವುದು ಒಂದೇ ಬೋಲ್ಟ್, 10 ಎಂಎಂ. ಅದರ ಜಾಗ ಮಾತ್ರ ಮೊಣಕೈ ಇಲ್ಲದ ಮನುಷ್ಯರಿಗಾಗಿ ಮಾಡಿದ್ದು. ಮೇಲಿನಿಂದ ಕೈ ಹೋದರೆ ಕಣ್ಣು ಹೋಗುವುದಿಲ್ಲ, ಕೆಳಗಿನಿಂದ ಕಣ್ಣು ಹೋದರೆ ಕೈ ಹೋಗುವುದಿಲ್ಲ. ಬೋಲ್ಟ್ ಬಂದ ಮೇಲೂ ರಬ್ಬರ್ ಓ-ರಿಂಗ್ ಗೋಡೆಗೆ ಅಂಟಿಕೊಂಡು ಸೆನ್ಸರ್ ಅಲ್ಲಾಡಲಿಲ್ಲ. ಎಳೆದರೆ ಪ್ಲಾಸ್ಟಿಕ್ ತಲೆ ಮುರಿದು ಬಾಲ ಒಳಗೇ ಉಳಿಯುತ್ತದೆ ಎಂದು ಮೆಕ್ಯಾನಿಕ್ ಹೆದರಿಸಿದರು. ತುಕ್ಕಿನ ಎಣ್ಣೆ ಹೊಡೆದು, ಆ ಕಡೆ ಈ ಕಡೆ ತಿರುಚಿ, ಟೀ ಕುಡಿದು, ಮತ್ತೆ ತಿರುಚಿ, ಕೊನೆಗೆ ಟಪಕ್ಕನೆ ಬಂತು. ತುದಿಗೆ ಕಬ್ಬಿಣದ ಪುಡಿಯ ಗಡ್ಡ.

ಹೊಸದಕ್ಕೆ ಜೆ.ಸಿ. ರಸ್ತೆಗೆ ಹೋದೆ. ಅಲ್ಲಿ ಕಾರ್ ಹೆಸರು ಹೇಳಿದರೆ ಸಾಲದು, ವರ್ಷ ಹೇಳಬೇಕು, ಎಂಜಿನ್ ಹೇಳಬೇಕು. ಹಳೆಯದನ್ನು ಕೌಂಟರ್ ಮೇಲೆ ಇಟ್ಟರೆ ಏನೂ ಹೇಳಬೇಕಾಗಿಲ್ಲ. "ಒರಿಜಿನಲ್ ಬೇಕಾ, ಲೋಕಲ್ ಬೇಕಾ?" ಎರಡನ್ನೂ ಅಕ್ಕಪಕ್ಕ ಇಟ್ಟರು. ನೋಡಲು ಒಂದೇ, ಬೆಲೆ ಮಾತ್ರ ಮೂರು ಪಟ್ಟು. ವ್ಯತ್ಯಾಸ ಏನು ಅಂದೆ. "ಲೋಕಲ್ ತಗೊಂಡೋರು ಮತ್ತೆ ಬರ್ತಾರೆ" ಅಂದರು. ಇಷ್ಟು ನೇರವಾಗಿ ಮಾತಾಡುವ ಅಂಗಡಿಯವರ ಹತ್ತಿರ ಚೌಕಾಸಿ ಮಾಡಲು ಮನಸ್ಸಾಗಲಿಲ್ಲ. ಒರಿಜಿನಲ್ ಕೊಂಡೆ.

ಕೂರಿಸುವುದು ಚಿಟಿಕೆಯ ಕೆಲಸ. ರಂಧ್ರ ಒರೆಸಿ, ಓ-ರಿಂಗಿಗೆ ಒಂದು ತೊಟ್ಟು ಎಂಜಿನ್ ಆಯಿಲ್ ಸವರಿ, ಒತ್ತಿ, ಬೋಲ್ಟ್ ಹದವಾಗಿ ಬಿಗಿದು, ಕನೆಕ್ಟರ್ ಟಕ್ ಅನ್ನಿಸಿದರೆ ಮುಗಿಯಿತು. ಸೆಲ್ಫ್ ಹೊಡೆಯುವಾಗಲೇ ಮುಳ್ಳು 200ರ ಹತ್ತಿರ ಅಲ್ಲಾಡಿತು. ಮೆಕ್ಯಾನಿಕ್ ಕೈ ಒರೆಸಿಕೊಳ್ಳುತ್ತಾ, "ನನಗೆ ಮೊದಲೇ ಡೌಟ್ ಇತ್ತು ಸಾರ್" ಅಂದರು. ಮ್ಯಾನೇಜರ್ ಸಾಹೇಬರಿಗೂ ಇತ್ತಂತೆ. ಅವರು ಟರ್ಮಿನಲ್ ಅಲ್ಲಾಡಿಸಿದ್ದು ಆ ಸೆನ್ಸರಿಗೆ ಕರೆಂಟ್ ಸರಿಯಾಗಿ ಹೋಗಲಿ ಅಂತಲೇ ಅಂತೆ. ಆ ಎರಡು ವೈರಿನ ಸೆನ್ಸರು ತನ್ನ ಕರೆಂಟನ್ನು ತಾನೇ ಹುಟ್ಟಿಸಿಕೊಳ್ಳುತ್ತದೆ, ಬ್ಯಾಟರಿಯ ಹಂಗೇ ಇಲ್ಲ ಅಂತ ಹೇಳಲು ಬಾಯಿ ತೆರೆದೆ. ಹೆಂಡತಿ ಕಾಲು ತುಳಿದಳು.

ಈಗ ಕಾರು ನಿಲ್ಲುತ್ತಿಲ್ಲ. ಘಾಟಿಗೂ ಹೋಗಿ ಬಂದೆವು, ಮಧ್ಯಾಹ್ನದ ಟ್ರಾಫಿಕ್ಕಿನಲ್ಲೂ ಬೇಯಿಸಿದೆವು. ಒಂದೇ ಸಮಸ್ಯೆ, ಡಿಕ್ಕಿಯಲ್ಲಿ ಜಾಗ ಇಲ್ಲ. ಹಳೇ ಬ್ಯಾಟರಿ, ಹಳೇ ಪ್ಲಗ್ಗುಗಳು, ಹಳೇ ಫ್ಯುಯೆಲ್ ಪಂಪ್ ಎಲ್ಲ ಅಲ್ಲೇ ಇವೆ. ಗುಜರಿಯವರು ಪಂಪನ್ನು ತೂಕದ ಲೆಕ್ಕದಲ್ಲಿ ಕೇಳಿದರು, ಕೊಡಲಿಲ್ಲ. ಯಾರಿಗಾದರೂ ಬೇಕಿದ್ದರೆ ಹೇಳಿ. ಯಾವ ತೊಂದರೆಯೂ ಇಲ್ಲ, ಗ್ಯಾರಂಟಿ ನನ್ನದು.